ಬ್ಯಾಂಗರ್ ಸಿಟಿ ಫುಟ್ಬಾಲ್ ಕ್ಲಬ್ ಮುಚ್ಚಿಹೋಯಿತು. ಇಟಲಿಯ ನಪೋಲಿ ತಂಡವನ್ನು ಸೋಲಿಸಿದ ಚರಿತ್ರೆ ಈಗ ಯಾರದು?

ಮೆನಾಯ್ ದಡದವಳು
ಎಲ್ಲರಿಗೂ ನಮಸ್ಕಾರ. ವೇಲ್ಸ್ ಫುಟ್ಬಾಲ್ ಅಂದರೆ ಈಗ ಎಲ್ಲರ ಬಾಯಲ್ಲೂ ರೆಕ್ಸಮ್. ನನ್ನ ಪ್ರಶ್ನೆ ಅಲ್ಲಿಂದ ಪಶ್ಚಿಮಕ್ಕಿರುವ ಬ್ಯಾಂಗರ್ ಊರಿನದು. ನಾನು ಇಲ್ಲಿ ನರ್ಸ್, ಬಂದು ನಾಲ್ಕು ವರ್ಷವಾಯಿತು. ಹಾಸನದಲ್ಲಿದ್ದಾಗ ಫುಟ್ಬಾಲ್ ನೋಡಿದವಳೇ ಅಲ್ಲ.

ಮನೆಗೆ ಸಾಮಾನು ತರೋದು ಫ್ಯಾರರ್ ರೋಡಿನ ಆಸ್ಡಾ ಅಂಗಡಿಯಿಂದ. ಹೋದ ಶನಿವಾರ ಬಿಲ್ಲಿಗೆ ಸಾಲಲ್ಲಿ ನಿಂತಿದ್ದೆ. ಮುಂದೆ ಒಬ್ಬ ಅಜ್ಜ, ಕೊರಳಿಗೆ ನೀಲಿ ಮಫ್ಲರು, ಬುಟ್ಟಿಯಲ್ಲಿ ಒಂದು ಬ್ರೆಡ್ಡು, ಬೆಕ್ಕಿನ ಊಟದ ಎರಡು ಡಬ್ಬಿ. ಮಫ್ಲರ್ ಮೇಲೆ 1876 ಅಂತಿತ್ತು. ಏನದು ಅಂತ ಕೇಳಿದ್ದೇ ತಡ, ಅಜ್ಜ ಪೂರ್ತಿ ನನ್ನ ಕಡೆ ತಿರುಗಿದರು. "ನೀನು ನಿಂತಿರೋದು ನಮ್ಮ ಮೈದಾನದ ಮೇಲೆ ಕಣಮ್ಮ. ನಪೋಲಿಯನ್ನು ಹೊಡೆದದ್ದು ಇಲ್ಲೇ. ಆಗ ನನಗೆ ಒಂಬತ್ತು ವರ್ಷ, ಅಪ್ಪನ ಹೆಗಲ ಮೇಲೆ ಕೂತು ನೋಡಿದೆ" ಅಂದರು. ಗೋಲು ಯಾವ ಕಡೆ ಇತ್ತು ಅಂತ ಕೈ ತೋರಿಸಿದಾಗ ಆ ಬೆರಳು ಸಣ್ಣಗೆ ನಡುಗುತ್ತಿತ್ತು. ಹಿಂದಿದ್ದವರು ಯಾರೂ ಅವಸರ ಮಾಡಲಿಲ್ಲ.

ಮಾರನೇ ದಿನ ಡ್ಯೂಟಿಯಲ್ಲಿ ಈ ವಿಷಯ ಎತ್ತಿದೆ. ಇಬ್ಬರು ಸಹೋದ್ಯೋಗಿಗಳು ಜಗಳಕ್ಕೇ ನಿಂತರು. ಬ್ಯಾಂಗರ್ ಸಿಟಿ ಸತ್ತುಹೋಯಿತು, ಅದರ ಚರಿತ್ರೆಯೂ ಅಲ್ಲಿಗೆ ಮುಗೀತು ಅಂತ ಒಬ್ಬರು. ಅಭಿಮಾನಿಗಳು ಕಟ್ಟಿರುವ ಬ್ಯಾಂಗರ್ 1876 ಇದೆಯಲ್ಲ, ಅದೇ ಸಿಟಿ ಅಂತ ಇನ್ನೊಬ್ಬರು. ಬಲ್ಲವರು ಹೇಳಿ, ನಿಜಕ್ಕೂ ಅಂದು ಏನಾಯಿತು? ಆ ಗೆಲುವು ಈಗ ಯಾರ ಲೆಕ್ಕಕ್ಕೆ?

ಗೋಪಿ_72
ನಪೋಲಿ ಅಂದ್ರೆ ಮರಡೋನಾ ಆಡಿದ ನಪೋಲಿನಾ? ಅವರನ್ನ ಇವರು ಸೋಲಿಸಿದ್ರಾ??

ಹೈಬರಿ ಹಳಬ
ಕ್ಲಬ್ಬು ಅದೇ ಗೋಪಿ, ಆದರೆ ಕಾಲ ಬೇರೆ. ಮರಡೋನಾ ನಪೋಲಿಗೆ ಬಂದದ್ದು 1984ರಲ್ಲಿ. ಈ ಪಂದ್ಯ ನಡೆದದ್ದು 1962ರ ಸೆಪ್ಟೆಂಬರ್ 5ರಂದು.

ಅಕ್ಕಾ, ಆ ಅಜ್ಜ ಹೇಳಿದ್ದು ಅಕ್ಷರಶಃ ನಿಜ. ಯುರೋಪಿಯನ್ ಕಪ್ ವಿನ್ನರ್ಸ್ ಕಪ್ ಅಂತ ಒಂದು ಟೂರ್ನಿ ಇತ್ತು. ಆಯಾ ದೇಶದ ಕಪ್ ಗೆದ್ದವರಿಗೆ ಅದರಲ್ಲಿ ಅವಕಾಶ. ವೆಲ್ಷ್ ಕಪ್ ಗೆದ್ದು ಬ್ಯಾಂಗರ್ ಸಿಟಿ ಹೋಯಿತು, ಕೊಪ್ಪಾ ಇಟಾಲಿಯಾ ಗೆದ್ದು ನಪೋಲಿ ಬಂತು. ಮೊದಲ ಪಂದ್ಯ ಫ್ಯಾರರ್ ರೋಡಿನಲ್ಲಿ. ಬ್ಯಾಂಗರ್ ಆಗ ಆಡುತ್ತಿದ್ದದ್ದು ಚೆಷರ್ ಕೌಂಟಿ ಲೀಗಿನಲ್ಲಿ, ಅಂದರೆ ಇಂಗ್ಲೆಂಡಿನ ನಾಲ್ಕು ಡಿವಿಷನ್‌ಗಳ ಫುಟ್ಬಾಲ್ ಲೀಗಿಗಿಂತಲೂ ಕೆಳಗಿನ ಒಂದು ಪ್ರಾಂತೀಯ ಲೀಗು. ರಾಯ್ ಮ್ಯಾಥ್ಯೂಸ್ ಒಂದು ಗೋಲು, ಕೆನ್ ಬರ್ಚ್ ಪೆನಾಲ್ಟಿಯಲ್ಲಿ ಇನ್ನೊಂದು. 2-0.

ಮೂರು ವಾರ ಬಿಟ್ಟು ನೇಪಲ್ಸಿನಲ್ಲಿ ನಪೋಲಿ 3-1ರಿಂದ ಗೆದ್ದಿತು. ಒಟ್ಟು ಲೆಕ್ಕ 3-3. ಇವತ್ತು ಯಾರಾದರೂ "ಬ್ಯಾಂಗರ್ ಎದುರಾಳಿ ನೆಲದಲ್ಲಿ ಗೋಲು ಹೊಡೆದಿದೆಯಲ್ಲ, ಅವರೇ ಮುಂದಕ್ಕೆ ಹೋಗಬೇಕಿತ್ತು" ಅಂತ ಕೇಳಬಹುದು. ಹಾಗೆ ಮುಂದಕ್ಕೆ ಕಳಿಸುವ ಅವೇ ಗೋಲ್ ನಿಯಮ ಆ ಟೂರ್ನಿಗೆ ಬಂದದ್ದು 1965ರಲ್ಲಿ, ಮೂರು ವರ್ಷ ತಡವಾಗಿ. ಹಾಗಾಗಿ ಮೂರನೇ ಪಂದ್ಯ ಲಂಡನ್ನಿನ ಹೈಬರಿಯಲ್ಲಿ, ಆರ್ಸೆನಲ್ ಮೈದಾನದಲ್ಲಿ. ಎರಡೂ ತಂಡಕ್ಕೆ ಸಂಬಂಧವಿಲ್ಲದ ಊರಿನಲ್ಲಿ ಈ ಪಂದ್ಯ ನೋಡಲು ಇಪ್ಪತ್ತು ಸಾವಿರಕ್ಕೂ ಹೆಚ್ಚು ಜನ ಬಂದಿದ್ದರು. ನಪೋಲಿ 2-1.

ಶಿವಮೊಗ್ಗ ಸ್ಟ್ರೈಕರ್
ಚೆನ್ನಾಗಿದೆ ಕತೆ. ಆದರೆ ಆ ಹೊತ್ತಿಗೆ ನಪೋಲಿ ಅಷ್ಟೇನೂ ದೊಡ್ಡ ತಂಡ ಆಗಿರಲಿಲ್ಲ ಅಲ್ವಾ? ಕೊಪ್ಪಾ ಗೆದ್ದಾಗ ಎರಡನೇ ಡಿವಿಷನ್ನಿನಲ್ಲಿದ್ದರು ಅಂತ ಓದಿದ ನೆನಪು.

ಹೈಬರಿ ಹಳಬ
ನಿಮ್ಮ ನೆನಪು ಸರಿ. ಸೀರೀ ಬಿ ತಂಡವಾಗಿದ್ದುಕೊಂಡೇ ಕೊಪ್ಪಾ ಗೆದ್ದರು. ಆದರೆ ಅದೇ ವರ್ಷ ಸೀರೀ ಎ-ಗೆ ಬಡ್ತಿಯೂ ಸಿಕ್ಕಿತು. ಫ್ಯಾರರ್ ರೋಡಿಗೆ ಕಾಲಿಟ್ಟಾಗ ಅವರು ಇಟಲಿಯ ಮೊದಲ ದರ್ಜೆಯ ತಂಡ. ಆ ಕಡೆ ಸಂಬಳಕ್ಕೆ ಆಡುವ ವೃತ್ತಿಪರರು. ಈ ಕಡೆಯವರು ಸೆಮಿ ಪ್ರೊಫೆಷನಲ್, ಅವರಿಗೆ ಆಟ ಹೊಟ್ಟೆಪಾಡಲ್ಲ, ಬೆಳಗ್ಗೆ ಎದ್ದರೆ ಬೇರೆ ಕೆಲಸ. ಗೆಲುವನ್ನ ಸಣ್ಣದು ಮಾಡೋಕೆ ಆಗಲ್ಲ.

ಕ್ಯಾಂಟೀನ್ ಕಾಫಿ
ಸೆಮಿ ಪ್ರೊಫೆಷನಲ್ ಅಂದ್ರೆ ನಮ್ಮ ಬೆಂಗಳೂರಿನ ಐಟಿಐ, ಎಚ್‌ಎಎಲ್ ತಂಡಗಳ ಥರಾನಾ?

ಆಸ್ಟಿನ್ ಟೌನ್ ಅಣ್ಣ
ಅಲ್ಲಪ್ಪ. ನಮ್ಮಲ್ಲಿ ಕಾರ್ಖಾನೆಯವರು ಚೆನ್ನಾಗಿ ಆಡೋ ಹುಡುಗನಿಗೆ ನೌಕರಿ ಕೊಟ್ಟು ತಂಡ ಕಟ್ಟುತ್ತಿದ್ದರು. ನೌಕರಿಯೂ ಅವರದೇ, ಜೆರ್ಸಿಯೂ ಅವರದೇ. ಅಲ್ಲಿ ನೌಕರಿ ಒಂದು ಕಡೆ, ಕ್ಲಬ್ಬು ಇನ್ನೊಂದು ಕಡೆ. ಕೆಲಸ ಮುಗಿಸಿ ವಾರಕ್ಕೆ ಎರಡು ಸಂಜೆ ಅಭ್ಯಾಸ, ಶನಿವಾರ ಪಂದ್ಯ, ಕೈಗೆ ಒಂದಿಷ್ಟು ಕಾಸು. ದೂರದ ಊರಲ್ಲಿ ಪಂದ್ಯ ಇದ್ದರೆ ರಜೆ ಕೇಳಿಕೊಂಡು ಹೋಗಬೇಕು. ನಾನು ಇಪ್ಪತ್ತು ವರ್ಷ ಬಿ ಡಿವಿಷನ್ ಆಡಿದವನು. ರಾತ್ರಿ ಪಾಳಿ ಮುಗಿಸಿ ಬೂಟು ಕಟ್ಟಿಕೊಂಡಾಗ ಕಾಲು ಹೇಗಿರುತ್ತೆ ಅಂತ ನನಗೆ ಗೊತ್ತು. ಅಂಥ ಕಾಲಲ್ಲಿ ನಪೋಲಿಯನ್ನ ತಡೆದರಲ್ಲ, ಅವರಿಗೆ ಇಲ್ಲಿಂದಲೇ ನಮಸ್ಕಾರ.

ಧಾರವಾಡ ಫೇಡೆ
ಎಲ್ಲಾರೂ ನಪೋಲಿ ನಪೋಲಿ ಅನ್ನಾಕತ್ತೀರಿ. ಅದಕ್ಕಿಂತ ಮೊದಲಿನ ಕತಿ ಯಾರೂ ಹೇಳವಲ್ರಿ. ಬ್ಯಾಂಗರ್ ಆ ಟೂರ್ನಿಗೆ ಹೋಗಿದ್ದ ಹೆಂಗ? ವೆಲ್ಷ್ ಕಪ್ ಫೈನಲ್ ಅವಾಗ ಎರಡು ಪಂದ್ಯದ್ದು. ಮೊದಲನೇದ್ರಾಗ ರೆಕ್ಸಮ್ 3-0. ಎರಡನೇದ್ರಾಗ ಬ್ಯಾಂಗರ್ 2-0. ಗೋಲು ಕೂಡಿಸಿದ್ರ ರೆಕ್ಸಮ್ ಗೆದ್ದಂಗ. ಆದ್ರ ಅವತ್ತಿನ ನಿಯಮದಾಗ ಗೋಲು ಕೂಡಸೂದಿಲ್ಲ, ತಲಾ ಒಂದು ಗೆದ್ದಾರ ಅಂದ್ರ ಮೂರನೇ ಪಂದ್ಯ. ಅದನ್ನ ರಿಲ್ ಊರಾಗ ಆಡಿ ಬ್ಯಾಂಗರ್ 3-1ರಲೇ ಗೆದ್ದು ಕಪ್ ತಗೊಂಡ್ತು. ನಿಯಮ ಒಳಗ ಬಿಟ್ಟಿತ್ತು, ನಿಯಮನ ಹೊರಗ ಹಾಕ್ತು. ಅನ್ಯಾಯ ಅನ್ನೂ ಮಂದಿ ಈ ಎರಡೂ ಕೂಡಿಸಿ ನೋಡ್ರಿ.

ಹೈಬರಿ ಹಳಬ
ಇದನ್ನ ನಾನೇ ಹೇಳಬೇಕಿತ್ತು, ಬಿಟ್ಟುಹೋಯಿತು. ಧನ್ಯವಾದ ಸರ್. ಆದರೂ ಹೈಬರಿ ಸೋಲು ನನಗೆ ಇವತ್ತಿಗೂ ಚುಚ್ಚುತ್ತದೆ. ನೇಪಲ್ಸಿನಲ್ಲಿ ಮೂರನೇ ಗೋಲು ಬಂದದ್ದು ಕೊನೆಗಳಿಗೆಯಲ್ಲಿ. ಅದೊಂದು ಆಗದಿದ್ದರೆ ಮೂರನೇ ಪಂದ್ಯವೇ ಬೇಕಿರಲಿಲ್ಲ.

ಸುಳ್ಯದ ಸುಮ
ಆ ತಂಡದ ಮ್ಯಾನೇಜರ್ ಯಾರು? ಹೆಸರೇ ಬರಲಿಲ್ಲ ಇನ್ನೂ.

ಲಿವರ್‌ಪೂಲ್ ವಾಸಿ
ಟಿ. ಜಿ. ಜೋನ್ಸ್. ಎವರ್ಟನ್ ಮತ್ತು ವೇಲ್ಸ್ ತಂಡದ ಸೆಂಟರ್ ಹಾಫ್, 1938-39ರಲ್ಲಿ ಎವರ್ಟನ್ ಲೀಗ್ ಗೆದ್ದಾಗ ರಕ್ಷಣೆಯ ನಡುಗಂಬ. ಚೆಂಡನ್ನ ಸುಮ್ಮನೆ ದೂರಕ್ಕೆ ಒದ್ದು ಕೈ ತೊಳೆದುಕೊಳ್ಳುವ ಕಾಲದಲ್ಲಿ ಕಾಲಲ್ಲಿ ಇಟ್ಟುಕೊಂಡು, ತಲೆ ಎತ್ತಿ ನೋಡಿ ಕೊಡುತ್ತಿದ್ದ ಮನುಷ್ಯ. ಎವರ್ಟನ್ ಹಳಬರು ಇವತ್ತಿಗೂ ಅವರ ಹೆಸರು ಹೇಳುವಾಗ ದನಿ ತಗ್ಗಿಸುತ್ತಾರೆ.

1948ರಲ್ಲಿ ಇಟಲಿಯ ರೋಮಾ ಕ್ಲಬ್ ಅವರನ್ನು ಕೊಳ್ಳಲು ಮುಂದೆ ಬಂದಿತ್ತು, ವ್ಯವಹಾರ ಕಡೇ ಹಂತದಲ್ಲಿ ಮುರಿದುಬಿತ್ತು. ಆಮೇಲೆ ಅವರು ಎವರ್ಟನ್ ಬಿಟ್ಟು ಉತ್ತರ ವೇಲ್ಸಿನ ಪುಟ್ಟ ಕ್ಲಬ್ಬುಗಳಿಗೆ ಬಂದರು. ಹದಿನಾಲ್ಕು ವರ್ಷದ ಮೇಲೆ ಇಟಲಿಯ ತಂಡವೇ ಅವರ ಬಾಗಿಲಿಗೆ ಬಂತು ನೋಡಿ.

ಗೋಪಿ_72
ರೋಮಾಗೆ ಹೋಗಿದ್ರೆ ಬ್ಯಾಂಗರ್ ಕತೆನೇ ಇರ್ತಿರಲಿಲ್ಲ!

ಶಿವಮೊಗ್ಗ ಸ್ಟ್ರೈಕರ್
ಸರಿ, ಒಪ್ಪಿದೆ. ಆದರೂ ನನ್ನ ತಕರಾರು ಇದು: ಒಂದು ಕ್ಲಬ್ಬಿನ 140 ವರ್ಷದ ಬದುಕನ್ನ ಒಂದೇ ಸಂಜೆಗೆ ಕಟ್ಟಿಹಾಕೋದು ಸರಿಯಲ್ಲ. ಮಿಕ್ಕಿದ್ದು ಏನೂ ಇಲ್ವಾ?

ಲಿವರ್‌ಪೂಲ್ ವಾಸಿ
ಬೇಕಾದಷ್ಟಿದೆ! ಕ್ಲಬ್ ಹುಟ್ಟಿದ್ದು 1876ರಲ್ಲಿ, ವೇಲ್ಸ್ ಫುಟ್ಬಾಲ್ ಸಂಸ್ಥೆ ಶುರುವಾದ ವರ್ಷವೇ. ವೆಲ್ಷ್ ಕಪ್ಪನ್ನ 1889ರಲ್ಲೇ ಒಮ್ಮೆ ಗೆದ್ದಿದ್ದರು. 1984ರಲ್ಲಿ ಲೀಗೇತರ, ಅಂದರೆ ಇಂಗ್ಲೆಂಡಿನ ಆ ನಾಲ್ಕು ಡಿವಿಷನ್ನಿಗಿಂತ ಕೆಳಗಿನ ಕ್ಲಬ್ಬುಗಳ ಎಫ್‌ಎ ಟ್ರೋಫಿ ಫೈನಲ್ಲಿಗೆ ವೆಂಬ್ಲಿಗೆ ಹೋದರು. ನಾರ್ತ್‌ವಿಚ್ ವಿಕ್ಟೋರಿಯಾ ಎದುರು 1-1, ಮರುಪಂದ್ಯ ಸ್ಟೋಕ್‌ನಲ್ಲಿ, 2-1ರಿಂದ ಸೋಲು.

ಮರುವರ್ಷ ವೆಲ್ಷ್ ಕಪ್ ಫೈನಲ್ಲಿನಲ್ಲಿ ಶ್ರೂಸ್‌ಬರಿ ಎದುರು ಸೋತರೂ ಯುರೋಪಿಗೆ ಹೋದರು.

ಕ್ಯಾಂಟೀನ್ ಕಾಫಿ
ಸೋತು ಹೋಗೋದು ಹೇಗೆ?

ಲಿವರ್‌ಪೂಲ್ ವಾಸಿ
ಗಡಿಯಾಚೆಯ ಇಂಗ್ಲಿಷ್ ಕ್ಲಬ್ಬುಗಳೂ ಆಗ ವೆಲ್ಷ್ ಕಪ್ ಆಡುತ್ತಿದ್ದವು, ಗೆಲ್ಲುತ್ತಲೂ ಇದ್ದವು. ಆದರೆ ವೇಲ್ಸ್ ಹೆಸರಲ್ಲಿ ಯುರೋಪಿಗೆ ಹೋಗುವ ಹಾಗಿರಲಿಲ್ಲ. ಹಾಗಾಗಿ 1985ರಲ್ಲಿ ಸೋತ ಬ್ಯಾಂಗರ್‌ಗೆ ಟಿಕೆಟ್ಟು. ಮೊದಲ ಸುತ್ತಿನಲ್ಲಿ ನಾರ್ವೆಯ ಫ್ರೆಡ್ರಿಕ್‌ಸ್ಟಾಡ್. ಅವರ ನೆಲದಲ್ಲಿ 1-1, ಫ್ಯಾರರ್ ರೋಡಿನಲ್ಲಿ 0-0. ಮುಂದಕ್ಕೆ ಹೋದದ್ದು ಬ್ಯಾಂಗರ್, ಯಾವ ನಿಯಮದ ಮೇಲೆ ಗೊತ್ತೇ? ಅವೇ ಗೋಲ್. 1962ರಲ್ಲಿ ಸಿಗದೇ ಹೋದದ್ದು 23 ವರ್ಷ ಬಿಟ್ಟು ಕೈಗೆ ಬಂತು.

ಮುಂದಿನ ಸುತ್ತಿನಲ್ಲಿ ಅಟ್ಲೆಟಿಕೊ ಮ್ಯಾಡ್ರಿಡ್. ಇಲ್ಲಿ 0-2, ಅಲ್ಲಿ 0-1. ಆ ಅಟ್ಲೆಟಿಕೊ ಆ ವರ್ಷ ಫೈನಲ್‌ವರೆಗೆ ಹೋಯಿತು. ಅಂಥವರು ತಮ್ಮ ಮೈದಾನದಲ್ಲಿ ಬ್ಯಾಂಗರ್‌ಗೆ ಹೊಡೆದದ್ದು ಒಂದೇ ಗೋಲು.

ಧಾರವಾಡ ಫೇಡೆ
ಗೋಲ್‌ಕೀಪರ್ ಡೈ ಡೇವಿಸ್ ಅಲ್ಲೇನ್ರಿ ಅವಾಗ? ವೇಲ್ಸ್ ದೇಶದ ತಂಡಕ್ಕ ಆಡಿದಾಂವ, ನಿವೃತ್ತಿ ಆಗಿದ್ದಾಂವ ಬ್ಯಾಂಗರ್‌ಗಂತ ಮತ್ತ ಗ್ಲೌಸ್ ಹಾಕ್ಕೊಂಡ.

ಲಿವರ್‌ಪೂಲ್ ವಾಸಿ
ಹೌದು, ಅವರೇ.

ಮೆನಾಯ್ ದಡದವಳು
ಎಷ್ಟೊಂದು ವಿಷಯ! ಒಂದೊಂದನ್ನೂ ಬರೆದಿಟ್ಟುಕೊಳ್ಳುತ್ತಿದ್ದೇನೆ. ಒಂದು ಅನುಮಾನ: ಕಾರ್ಡಿಫ್, ಸ್ವಾನ್ಸಿ, ರೆಕ್ಸಮ್ ಎಲ್ಲ ಇಂಗ್ಲೆಂಡ್ ಲೀಗಿನಲ್ಲಿ ಆಡುತ್ತವೆ. ಬ್ಯಾಂಗರ್ ಯಾಕೆ ಅಲ್ಲಿಲ್ಲ?

ಹೈಬರಿ ಹಳಬ
1992ರವರೆಗೆ ಬ್ಯಾಂಗರ್ ಕೂಡ ಇಂಗ್ಲೆಂಡಿನ ಲೀಗೇತರ ಮಟ್ಟದಲ್ಲೇ ಆಡುತ್ತಿತ್ತು. ಆ ವರ್ಷ ವೇಲ್ಸ್ ಸಂಸ್ಥೆ ದೇಶಕ್ಕೆ ತನ್ನದೇ ಲೀಗ್ ಮಾಡಿತು. ಸ್ವಂತ ಲೀಗ್ ಇಲ್ಲದಿದ್ದರೆ ವೇಲ್ಸನ್ನ ಬೇರೆ ದೇಶ ಅಂತ ಯಾಕೆ ಲೆಕ್ಕ ಹಾಕಬೇಕು ಅಂತ ಹೊರಗಿನವರು ಕೇಳಬಹುದು ಅನ್ನೋ ಭಯ ಅವರಿಗಿತ್ತು. ದೊಡ್ಡ ವೃತ್ತಿಪರ ಕ್ಲಬ್ಬುಗಳನ್ನ ಇಂಗ್ಲೆಂಡಿನಲ್ಲೇ ಬಿಟ್ಟರು, ಲೀಗೇತರ ಕ್ಲಬ್ಬುಗಳನ್ನ ಕರೆದರು. ಬ್ಯಾಂಗರ್ ಸೇರಿ ಎಂಟು ಕ್ಲಬ್ಬುಗಳು ಬರಲ್ಲ ಅಂತ ಹಟ ಹಿಡಿದವು. ಕೊನೆಗೆ ಬ್ಯಾಂಗರ್, ನ್ಯೂಟೌನ್ ಒಪ್ಪಿ ಬಂದವು. ಒಪ್ಪದ ಕೆಲವರು ತಮ್ಮ ಊರು ಬಿಟ್ಟು ಗಡಿಯಾಚೆ ಇಂಗ್ಲೆಂಡಿನ ಮೈದಾನಗಳಲ್ಲಿ ತವರಿನ ಪಂದ್ಯ ಆಡಬೇಕಾಯಿತು, ವಿಷಯ ಕೋರ್ಟಿಗೂ ಹೋಯಿತು.

ಬ್ಯಾಂಗರ್‌ಗೆ ಬಂದದ್ದು ಒಳ್ಳೆಯದೇ ಆಯಿತು. 1994, 1995 ಎರಡು ವರ್ಷ ಸತತ ಚಾಂಪಿಯನ್. ಆಮೇಲೆ ನೆವಿಲ್ ಪವೆಲ್ ಕಾಲದಲ್ಲಿ 2008, 2009, 2010 ಮೂರು ವೆಲ್ಷ್ ಕಪ್, 2011ರಲ್ಲಿ ಕಡೇ ದಿನ ದಿ ನ್ಯೂ ಸೇಂಟ್ಸ್ ಅನ್ನೋ ಟಿಎನ್‌ಎಸ್ ತಂಡವನ್ನ ಫ್ಯಾರರ್ ರೋಡಿನಲ್ಲೇ 1-0 ಸೋಲಿಸಿ ಲೀಗ್.

ಶಿವಮೊಗ್ಗ ಸ್ಟ್ರೈಕರ್
ಆ ಲೀಗ್ ಗೆದ್ದು ಚಾಂಪಿಯನ್ಸ್ ಲೀಗ್ ಅರ್ಹತಾ ಸುತ್ತಿಗೆ ಹೋಗಿ ಹೆಲ್ಸಿಂಕಿಯ ಎಚ್‌ಜೆಕೆ ಎದುರು 0-3, 0-10 ಸೋತದ್ದನ್ನೂ ಹೇಳಿ. ಸೆಮಿ ಪ್ರೊಫೆಷನಲ್ ಮಟ್ಟ ಎಲ್ಲಿದೆ ಅಂತ ಅದೇ ತೋರಿಸುತ್ತೆ. 1962ರ ಅಂತರ ಈಗ ಎಷ್ಟೋ ಪಟ್ಟು ಹಿಗ್ಗಿದೆ.

ಆಸ್ಟಿನ್ ಟೌನ್ ಅಣ್ಣ
ಹತ್ತು ಗೋಲು ತಿಂದದ್ದು ನಿಜ ತಮ್ಮಾ. ಹಿಂದಿನ ವರ್ಷ ಫಿನ್ಲೆಂಡಿನ ಹೊಂಕಾ ತಂಡವನ್ನ ಯೂರೋಪಾ ಲೀಗಿನಲ್ಲಿ ಹೊರಗೆ ಕಳಿಸಿದ್ದೂ ಇದೇ ಬ್ಯಾಂಗರ್. ಲೆಸ್ ಡೇವಿಸ್ ಅಂತ ಅವರ ಸ್ಟ್ರೈಕರ್, ಗುಂಡುಗುಂಡಾಗಿದ್ದ ಹುಡುಗ. 2012ರಲ್ಲಿ ಯೂಫಾದ ಯುರೋಪಿನ ಶ್ರೇಷ್ಠ ಆಟಗಾರ ಪ್ರಶಸ್ತಿಗೆ ಮತ ಬಿದ್ದ 32 ಜನರ ಪಟ್ಟಿಯಲ್ಲಿ ಮೆಸ್ಸಿ, ರೊನಾಲ್ಡೊ ಜೊತೆ ಅವನ ಹೆಸರೂ ಇತ್ತು. ಸೋಲು ಬರೆದಿಡೋರು ಅದನ್ನೂ ಬರೆದಿಡಲಿ.

ಸುಳ್ಯದ ಸುಮ
ವಿಷಯ ಬಿಟ್ಟು ಕೇಳ್ತಿದ್ದೇನೆ, ಕ್ಷಮಿಸಿ. ಅಲ್ಲಿ ಮೈದಾನದಲ್ಲಿ ಕೂಗೋದು ವೆಲ್ಷ್ ಭಾಷೆಯಲ್ಲಾ, ಇಂಗ್ಲಿಷಲ್ಲಾ?

ಮೆನಾಯ್ ದಡದವಳು
ಎರಡೂ ಕೇಳುತ್ತೆ ಸುಮಾ. ಗ್ವಿನೆದ್ ಜಿಲ್ಲೆಯಲ್ಲಿ ಮೂರರಲ್ಲಿ ಎರಡರಷ್ಟು ಜನಕ್ಕೆ ವೆಲ್ಷ್ ಬರುತ್ತೆ. ಬ್ಯಾಂಗರ್‌ನಲ್ಲಿ ವಿಶ್ವವಿದ್ಯಾಲಯ ಇರುವುದರಿಂದ ಇಂಗ್ಲಿಷ್ ಜಾಸ್ತಿ, ಪಕ್ಕದ ಕ್ಯಾರ್ನಾರ್ವನ್‌ಗೆ ಹೋದರೆ ಅಂಗಡಿಯಲ್ಲಿ ಮೊದಲ ಮಾತೇ ವೆಲ್ಷ್. ವಾರ್ಡಿನಲ್ಲಿ ವಯಸ್ಸಾದವರು ನೋವು ಜಾಸ್ತಿಯಾದಾಗ ವೆಲ್ಷ್‌ಗೇ ತಿರುಗುತ್ತಾರೆ. ಅದಕ್ಕಂತಲೇ ನಾನೂ ಒಂದಿಷ್ಟು ಕಲಿತೆ. ಎಸ್4ಸಿ ಅಂತ ಅವರದೇ ಟಿವಿ ಚಾನೆಲ್ ಇದೆ, ಅದರ "ಸ್ಗೋರಿಯೊ" ಕಾರ್ಯಕ್ರಮದಲ್ಲಿ ಈ ಸಣ್ಣ ಕ್ಲಬ್ಬುಗಳ ಪಂದ್ಯಕ್ಕೂ ವೆಲ್ಷ್‌ನಲ್ಲೇ ಕಾಮೆಂಟರಿ.

ಕ್ಯಾರ್ನಾರ್ವನ್‌ನವರಿಗೆ ಅಡ್ಡಹೆಸರು "ಕೋವಿ". ಬರೆಯೋದು Cofi, ಅವರ ಬರಹದಲ್ಲಿ ಎಫ್ ಅಕ್ಷರಕ್ಕೆ "ವ" ಉಚ್ಚಾರ. ನಮ್ಮ ಕೋವಿಗೂ ಅದಕ್ಕೂ ಸಂಬಂಧ ಇಲ್ಲ, ಆದರೂ ಮೊದಲ ಸಲ ಕೇಳಿದಾಗ ಊರಿನ ಮಾತು ಕಿವಿಗೆ ಬಿದ್ದ ಹಾಗಾಯಿತು.

ಧಾರವಾಡ ಫೇಡೆ
ಬ್ಯಾಂಗರ್ ಮತ್ತ ಕೋವಿಗಳ ಪಂದ್ಯ ಅಂದ್ರ ಊರಿಗೂರ ನಿಲ್ಲತಾವಂತ. ಒಂಬತ್ತು ಮೈಲಿ ಅಂತರ ಅಷ್ಟ.

ಕ್ಯಾಂಟೀನ್ ಕಾಫಿ
ವಿಷಯಕ್ಕೆ ಬನ್ನಿ. ಇಷ್ಟೆಲ್ಲ ಇದ್ದ ಕ್ಲಬ್ ಮುಳುಗಿದ್ದು ಹೇಗೆ?

ಹೈಬರಿ ಹಳಬ
ಫ್ಯಾರರ್ ರೋಡ್ ಊರ ನಡುವಿನ ಜಾಗ, ರೈಲ್ವೆ ಸ್ಟೇಷನ್ನಿಗೆ ಹತ್ತಿರ. 2011ರ ಡಿಸೆಂಬರಿನಲ್ಲಿ ಅಲ್ಲಿ ಕಡೇ ಪಂದ್ಯ. ಜಾಗದಲ್ಲಿ ಸೂಪರ್‌ಮಾರ್ಕೆಟ್ ಬಂತು, ಕ್ಲಬ್ ಮೆನಾಯ್ ಜಲಸಂಧಿಯ ದಡದ ನಾಂಟ್‌ಪೋರ್ತ್ ಎಂಬ ಹೊಸ ಮೈದಾನಕ್ಕೆ ಹೋಯಿತು. ಮೈದಾನ ಹೊಸದು, ಒಳ್ಳೆಯದು. ಆದರೆ ಪೇಟೆಯಿಂದ ನಡೆದು ಬರುತ್ತಿದ್ದವರಿಗೆ ಅದು ಊರ ಹೊರಗಾಯಿತು.

ಆಮೇಲೆ ಹಣದ ತೊಂದರೆ. 2018ರಲ್ಲಿ ಲೀಗಿನಲ್ಲಿ ಎರಡನೇ ಸ್ಥಾನ ಪಡೆದೂ, ಹಣಕಾಸಿನ ಕಾರಣಕ್ಕೆ ಮೊದಲ ದರ್ಜೆಯ ಲೈಸೆನ್ಸ್ ಸಿಗದೆ ಕೆಳಗಿಳಿದರು. 2019ರಲ್ಲಿ ಹೊಸ ಇಟಾಲಿಯನ್ ಮಾಲೀಕರು ಬಂದರು. 2021ರಲ್ಲಿ ಆಟಗಾರರ ಸಂಬಳ ಬಾಕಿಯ ಮೇಲೆ ವೇಲ್ಸ್ ಸಂಸ್ಥೆ ಕ್ಲಬ್ಬನ್ನ ಅಮಾನತು ಮಾಡಿತು. 2022ರ ಫೆಬ್ರವರಿಯಲ್ಲಿ ಲೀಗಿನಿಂದಲೇ ಹಿಂದೆ ಸರಿದರು. ಅಲ್ಲಿಗೆ ನಿಂತಿತು.

ಗೋಪಿ_72
ಓದಿ ಬೇಜಾರಾಯ್ತು.

ಶಿವಮೊಗ್ಗ ಸ್ಟ್ರೈಕರ್
ಹಾಗಾದರೆ ಉತ್ತರ ಸ್ಪಷ್ಟ. ಬ್ಯಾಂಗರ್ 1876 ಹುಟ್ಟಿದ್ದು 2019ರಲ್ಲಿ. ಆಗ ಹಳೇ ಕ್ಲಬ್ ಇನ್ನೂ ಆಡುತ್ತಿತ್ತು. ಒಂದೇ ಹೊತ್ತಿಗೆ ಎರಡೂ ಇದ್ದವು ಅಂದಮೇಲೆ ಎರಡೂ ಒಂದೇ ಹೇಗಾಗುತ್ತೆ? ಹೆಸರಲ್ಲಿ 1876 ಬರೆದುಕೊಂಡ ಮಾತ್ರಕ್ಕೆ 1962 ಅವರದಾಗಲ್ಲ.

ಆಸ್ಟಿನ್ ಟೌನ್ ಅಣ್ಣ
ಒಪ್ಪಲ್ಲ. ಹಳೇ ಕ್ಲಬ್ ಕೈತಪ್ಪಿ ಹೋಗ್ತಿದೆ ಅಂತ ಕಂಡೇ ಅಲ್ಲವಾ ಊರವರು ಹೊರಗೆ ಬಂದು ಕಟ್ಟಿದ್ದು? ಶನಿವಾರ ಬಂದು ನಿಲ್ಲೋ ಜನ ಅದೇ ಜನ. ಹಾಡೋ ಹಾಡು ಅದೇ. ಬಣ್ಣ ಅದೇ ನೀಲಿ. ಕಂಪನಿ ನೋಂದಣಿ ಕಾಗದದಲ್ಲಿ ಇರುತ್ತಾ ಚರಿತ್ರೆ?

ಶಿವಮೊಗ್ಗ ಸ್ಟ್ರೈಕರ್
ಕಾಗದ ಬೇಡ ಅಂದರೆ ನಾಳೆ ಬ್ಯಾಂಗರ್‌ನಲ್ಲಿ ಇನ್ನೊಬ್ಬರು ಇನ್ನೊಂದು ಕ್ಲಬ್ ಕಟ್ಟಿ ಅದೂ ನಮ್ಮದೇ ಅನ್ನಬಹುದು. ಎಲ್ಲಿಗೆ ನಿಲ್ಲಿಸ್ತೀರಿ?

ಲಿವರ್‌ಪೂಲ್ ವಾಸಿ
ಇದು ಬ್ಯಾಂಗರ್ ಒಂದರ ಪ್ರಶ್ನೆ ಅಲ್ಲ. ವೇಲ್ಸಿನದೇ ನ್ಯೂಪೋರ್ಟ್ ಕೌಂಟಿ ಕ್ಲಬ್ 1989ರಲ್ಲಿ ಮುಳುಗಿತು. ಅಭಿಮಾನಿಗಳು ನ್ಯೂಪೋರ್ಟ್ ಎಎಫ್‌ಸಿ ಅಂತ ಹೊಸದು ಕಟ್ಟಿದರು, ಹತ್ತು ವರ್ಷ ಬಿಟ್ಟು ಹಳೇ ಹೆಸರನ್ನೇ ವಾಪಸ್ ತಗೊಂಡರು. ಇವತ್ತು ಅದನ್ನ ಬೇರೆ ಕ್ಲಬ್ ಅನ್ನುವವರು ಸಿಗೋದು ಕಷ್ಟ. ಬ್ಯಾರಿ ಟೌನ್ ಕತೆಯಲ್ಲಿ 2013ರಲ್ಲಿ ಮಾಲೀಕರು ಕೈಬಿಟ್ಟಾಗ ಅಭಿಮಾನಿಗಳು ಹೈಕೋರ್ಟಿಗೆ ಹೋಗಿ ವೇಲ್ಸ್ ಫುಟ್ಬಾಲ್ ಸಂಸ್ಥೆಯ ವಿರುದ್ಧವೇ ಗೆದ್ದು ಬಂದರು. ರಿಲ್ 2020ರಲ್ಲಿ ಮುಚ್ಚಿತು, ರಿಲ್ 1879 ಅಂತ ಮತ್ತೆ ಎದ್ದಿದೆ. ಕಾಲ ಕಳೆದಂತೆ ಜನ ಯಾವುದನ್ನ ನಮ್ಮದು ಅಂತ ಕರೀತಾರೋ ಅದು ನಿಲ್ಲುತ್ತೆ. ಬ್ಯಾಂಗರ್‌ನಲ್ಲಿ ಆ ಕಾಲ ಇನ್ನೂ ಕಳೆದಿಲ್ಲ, ಅದಕ್ಕೇ ವಾರ್ಡಿನಲ್ಲಿ ಜಗಳ.

ಧಾರವಾಡ ಫೇಡೆ
ಹಳೇ ಮನಿ ಬಿತ್ತು, ಮಗ ಬ್ಯಾರೆ ಜಾಗಾದಾಗ ಕಟ್ಟಿದ. ಅಪ್ಪನ ಫೋಟೋ ಗ್ವಾಡಿಗೆ ಹಾಕ್ಕೋಬಾರದು ಅಂತ ಯಾರರೆ ಅಂತಾರೇನ್ರಿ?

ಶಿವಮೊಗ್ಗ ಸ್ಟ್ರೈಕರ್
ಫೋಟೋ ಹಾಕಿಕೊಳ್ಳಲಿ ಸರ್, ಬೇಡ ಅನ್ನಲ್ಲ. ಅಪ್ಪ ಗೆದ್ದ ಪದಕವನ್ನ ತಾನೇ ಗೆದ್ದೆ ಅನ್ನಬಾರದು ಅಷ್ಟೇ.

ಮೆನಾಯ್ ದಡದವಳು
ನಿಮ್ಮೆಲ್ಲರ ಮಾತು ಓದಿಕೊಂಡು ನಿನ್ನೆ ಮತ್ತೆ ಅದೇ ಹೊತ್ತಿಗೆ ಅಂಗಡಿಗೆ ಹೋದೆ. ಅಜ್ಜ ಇದ್ದರು. ನೇರವಾಗಿ ಕೇಳಿಯೇಬಿಟ್ಟೆ, ನಪೋಲಿ ಪಂದ್ಯ ಯಾರದು ಅಂತ. ಸ್ವಲ್ಪ ಹೊತ್ತು ಸುಮ್ಮನಿದ್ದು "ನಮ್ಮಪ್ಪಂದು" ಅಂದರು. ಹೆಗಲ ಮೇಲೆ ಕೂತವನಿಗೆ ಎರಡೂ ಗೋಲು ಕಂಡಿತ್ತಂತೆ. ಕೆಳಗಿದ್ದ ಅಪ್ಪನಿಗೆ ಮುಂದಿದ್ದವರ ತಲೆ ಬಿಟ್ಟರೆ ಏನೂ ಕಾಣಲಿಲ್ಲವಂತೆ, ಏನಾಯಿತು ಅಂತ ಮಗನನ್ನೇ ಕೇಳುತ್ತಿದ್ದರಂತೆ.

ಮೊದಮೊದಲು ಬ್ಯಾಂಗರ್ 1876 ಟ್ರೆಬೋರ್ತ್‌ನಲ್ಲಿ ಆಡುತ್ತಿದ್ದಾಗಲೂ ಅವರು ತಪ್ಪಿಸಿಲ್ಲ. ಈಗ ಪಂದ್ಯ ನಾಂಟ್‌ಪೋರ್ತ್‌ನಲ್ಲಿ. ಕಾಲುನೋವು, ಬಸ್ ಇಳಿದು ನಡೆಯೋದು ಕಷ್ಟ ಅಂದರು. ಮುಂದಿನ ಶನಿವಾರ ನನಗೆ ರಜೆ ಇದೆ, ಕಾರಲ್ಲಿ ಕರೆದುಕೊಂಡು ಹೋಗ್ತೀನಿ ಅಂದಿದ್ದೇನೆ. ಟಿಕೆಟ್ ಮೊದಲೇ ತಗೋಬೇಕಾ?

ಲಿವರ್‌ಪೂಲ್ ವಾಸಿ
ಈ ಮಟ್ಟದ ಪಂದ್ಯಕ್ಕೆ ಸಾಮಾನ್ಯವಾಗಿ ಗೇಟಲ್ಲೇ ಸಿಗುತ್ತೆ ಅಕ್ಕಾ. ಸ್ವಲ್ಪ ಮುಂಚೆ ಹೋಗಿ, ಅಜ್ಜನಿಗೆ ಕೂರೋಕೆ ಜಾಗ ಬೇಕಲ್ಲ. ಮೆನಾಯ್ ಗಾಳಿ ಕಿವಿ ಕೊರೆಯುತ್ತೆ, ಟೋಪಿ ಮರೀಬೇಡಿ.

ಆಸ್ಟಿನ್ ಟೌನ್ ಅಣ್ಣ
ಸ್ಕೋರ್ ಇಲ್ಲೇ ಹಾಕಮ್ಮ. ಕಾಯ್ತಾ ಇರ್ತೀವಿ.

ಶಿವಮೊಗ್ಗ ಸ್ಟ್ರೈಕರ್
ನಾನೂ.